ಭಾರತೀಯ ಮಹಿಳೆಯ ದಿನಚರಿಯಲ್ಲಿ ಸಂಪ್ರದಾಯ ಮತ್ತು ಆಧುನಿಕತೆ: ಸಹಪಾಠಿಗಳಿಗಾಗಿ ಅಧ್ಯಯನ ಟಿಪ್ಪಣಿ

ಸಮಾಜಶಾಸ್ತ್ರವನ್ನು ಓದುವವರಿಗೆ ಪದವಿ ಹಂತದಲ್ಲಿಯೂ ಸ್ಪರ್ಧಾತ್ಮಕ ಪರೀಕ್ಷೆಗಳಲ್ಲಿಯೂ ಮತ್ತೆ ಮತ್ತೆ ಎದುರಾಗುವ ಪ್ರಶ್ನೆ ಇದು: ಭಾರತೀಯ ಮಹಿಳೆಯ ಜೀವನದಲ್ಲಿ ಸಂಪ್ರದಾಯ ಮತ್ತು ಆಧುನಿಕತೆಗಳ ಸಂಬಂಧವನ್ನು ವಿವರಿಸಿ. ಬಹುತೇಕ ಉತ್ತರಗಳು ಒಂದೇ ಜಾಡಿನಲ್ಲಿ ಸಾಗುತ್ತವೆ. ಮೊದಲಿಗೆ ಗಾರ್ಗಿ, ಮೈತ್ರೇಯಿಯರ ಹೆಸರು, ಆಮೇಲೆ ಮಧ್ಯಯುಗದ ಅವನತಿ, ಅನಂತರ ಸಮಾಜ ಸುಧಾರಣೆ, ಕೊನೆಗೆ ಸಂವಿಧಾನ ಮತ್ತು ಶಿಕ್ಷಣದಿಂದ ಬಂದ ಪ್ರಗತಿ. ಈ ಕ್ರಮವನ್ನು ನೆನಪಿಟ್ಟುಕೊಳ್ಳುವುದು ಸುಲಭವಾದರೂ ದಿನನಿತ್ಯದ ಬದುಕನ್ನು ಅದು ವಿವರಿಸುವುದಿಲ್ಲ. ಬೆಳಿಗ್ಗೆ ಹೊಸ್ತಿಲಿಗೆ ರಂಗೋಲಿ ಹಾಕಿ, ಕುಕ್ಕರ್ ಕೂಗಿಸಿ, ಎಂಟರ ಬಸ್ಸಿಗೆ ಕಚೇರಿಗೆ ಹೊರಡುವ ಮಹಿಳೆ ಈ ಕ್ರಮದ ಯಾವ ಹಂತದಲ್ಲಿದ್ದಾಳೆ ಎಂದು ಕೇಳಿದರೆ ಉತ್ತರ ಸಿಗುವುದಿಲ್ಲ, ಏಕೆಂದರೆ ಅವಳು ಒಂದನ್ನು ಬಿಟ್ಟು ಇನ್ನೊಂದಕ್ಕೆ ಬಂದವಳಲ್ಲ. ಎರಡನ್ನೂ ಒಂದೇ ದಿನದೊಳಗೆ ನಿಭಾಯಿಸುತ್ತಿರುವವಳು.

ಆದ್ದರಿಂದ ಈ ಟಿಪ್ಪಣಿಯಲ್ಲಿ ನಾನು ಬೇರೊಂದು ವಿಧಾನವನ್ನು ಅನುಸರಿಸುತ್ತೇನೆ. ಯಾವುದೇ ಆಚರಣೆ, ಕಾನೂನು ಅಥವಾ ಉಪಕರಣ ಎದುರಾದಾಗ ಅದು ಹಳೆಯದೋ ಹೊಸದೋ ಎಂದು ಕೇಳುವ ಮೊದಲು ಅದರ ಶ್ರಮ ಯಾರದು, ನಿರ್ಧಾರ ಯಾರದು, ದಾಖಲೆಯಲ್ಲಿ ಹೆಸರು ಯಾರದು ಎಂದು ಕೇಳೋಣ. ಹೀಗೆ ಕೇಳುತ್ತಾ ಹೋದರೆ ಸಂಪ್ರದಾಯವೆಂಬ ಹೆಸರಿನಲ್ಲಿ ಉಳಿದುಕೊಂಡಿರುವುದು ಯಾವುದು, ಆಧುನಿಕತೆಯ ಹೆಸರಿನಲ್ಲಿ ಸೇರಿಕೊಂಡಿರುವುದು ಯಾವುದು ಎಂಬುದು ಹೆಚ್ಚು ಸ್ಪಷ್ಟವಾಗುತ್ತದೆ.

ಮೂವರು ವಿದ್ವಾಂಸರು

ಮೈಸೂರಿನವರೇ ಆದ ಎಂ. ಎನ್. ಶ್ರೀನಿವಾಸ್ ಅವರ ಸಂಸ್ಕೃತೀಕರಣದ ಪರಿಕಲ್ಪನೆ ನಮಗೆಲ್ಲ ಪರಿಚಿತ: ಕೆಳಗಿನ ಶ್ರೇಣಿಯಲ್ಲಿರುವ ಜಾತಿಯೊಂದು ಮೇಲಿನ ಜಾತಿಗಳ ಆಚಾರ ವಿಚಾರಗಳನ್ನು ಅನುಸರಿಸಿ ತನ್ನ ಸ್ಥಾನವನ್ನು ಏರಿಸಿಕೊಳ್ಳಲು ಯತ್ನಿಸುವುದು. ಈ ಪ್ರಕ್ರಿಯೆಯ ಭಾರ ಹೆಚ್ಚಾಗಿ ಬೀಳುವುದು ಹೆಂಗಸರ ಮೇಲೆ ಎಂಬ ಅಂಶವನ್ನು ನಾವು ಸಾಮಾನ್ಯವಾಗಿ ಗಮನಿಸುವುದಿಲ್ಲ. ಕುಟುಂಬದ ಕೈಯಲ್ಲಿ ನಾಲ್ಕು ಕಾಸು ಓಡಾಡತೊಡಗಿದ ಕೂಡಲೇ ಮನೆಯ ಹೆಂಗಸರು ಗದ್ದೆ ಕೆಲಸಕ್ಕೆ ಹೋಗುವುದು ನಿಲ್ಲುತ್ತದೆ, ವ್ರತ ಉಪವಾಸಗಳು ಹೆಚ್ಚುತ್ತವೆ, ವಿಧವೆಯ ಮರುಮದುವೆಗೆ ಮೊದಲು ಇದ್ದ ಅವಕಾಶ ಮುಚ್ಚಿಹೋಗುತ್ತದೆ. ಅಂದರೆ ಆರ್ಥಿಕ ಏಳಿಗೆಯ ಜೊತೆಗೇ ಹೆಣ್ಣಿನ ಮೇಲಿನ ನಿರ್ಬಂಧಗಳೂ ಬೆಳೆಯಬಹುದು.

ಎರಡನೆಯವರು ಅಮೆರಿಕದ ಮಾನವಶಾಸ್ತ್ರಜ್ಞ ಮಿಲ್ಟನ್ ಸಿಂಗರ್. ಮದರಾಸಿನ ಉದ್ಯಮಿಗಳನ್ನು ಅಧ್ಯಯನ ಮಾಡಿದ ಅವರು, ಕಾರ್ಖಾನೆಯಲ್ಲಿ ಆಧುನಿಕ ರೀತಿಯಲ್ಲಿಯೂ ಮನೆಯಲ್ಲಿ ಸಾಂಪ್ರದಾಯಿಕ ರೀತಿಯಲ್ಲಿಯೂ ಬದುಕುವ ಮೂಲಕ ಆ ಉದ್ಯಮಿಗಳು ಎರಡು ಲೋಕಗಳನ್ನು ಬೇರೆ ಬೇರೆ ಕೋಣೆಗಳಲ್ಲಿ ಇರಿಸಿದ್ದಾರೆ ಎಂದು ವಿವರಿಸಿದರು. ಇಲ್ಲಿ ನನ್ನದೊಂದು ಮಾತು ಸೇರಿಸಬೇಕು. ಗಂಡಸಿಗೆ ಈ ವಿಂಗಡಣೆ ಸಾಧ್ಯವಾದದ್ದು ಮನೆಯೆಂಬ ಕೋಣೆಯಲ್ಲಿ ಮಡಿ, ನೈವೇದ್ಯ, ತಿಥಿ, ಹಬ್ಬಗಳನ್ನೆಲ್ಲ ನೋಡಿಕೊಳ್ಳುವ ಹೆಂಗಸೊಬ್ಬಳು ಇದ್ದುದರಿಂದ. ಅವಳೇ ಉದ್ಯೋಗಕ್ಕೆ ಹೊರಟಾಗ ಅವಳಿಗಾಗಿ ಆ ಕೋಣೆಯನ್ನು ಕಾಯುವವರು ಯಾರೂ ಇರುವುದಿಲ್ಲ.

ಮೂರನೆಯವರಾದ ಪಾರ್ಥ ಚಟರ್ಜಿ ಹತ್ತೊಂಬತ್ತನೆಯ ಶತಮಾನದ ಬಂಗಾಳದ ರಾಷ್ಟ್ರೀಯವಾದಿ ಚಿಂತನೆಯನ್ನು ಪರಿಶೀಲಿಸಿ, ಹೊರಗಿನ ಲೋಕದಲ್ಲಿ ಪಶ್ಚಿಮವನ್ನು ಅನುಸರಿಸಬಹುದು, ಆದರೆ ಒಳಗಿನ ಲೋಕವಾದ ಮನೆಯಲ್ಲಿ ನಮ್ಮತನ ಉಳಿಯಬೇಕು ಎಂಬ ನಿಲುವು ರೂಪುಗೊಂಡದ್ದನ್ನು ತೋರಿಸಿದರು. ಆ ನಮ್ಮತನದ ಕಾವಲಿಗೆ ಹೆಣ್ಣನ್ನು ನಿಲ್ಲಿಸಲಾಯಿತು. ಗಂಡಸು ಕೋಟು ಪ್ಯಾಂಟು ತೊಟ್ಟಾಗ ಸಂಸ್ಕೃತಿಗೆ ಧಕ್ಕೆ ಬಾರದಿದ್ದರೂ ಹುಡುಗಿ ಜೀನ್ಸ್ ತೊಟ್ಟಾಗ ಸಂಸ್ಕೃತಿಯ ಪ್ರಶ್ನೆ ಏಕೆ ಏಳುತ್ತದೆ ಎಂಬುದಕ್ಕೆ ಇದಕ್ಕಿಂತ ಸಮರ್ಪಕವಾದ ವಿವರಣೆ ನನಗೆ ದೊರೆತಿಲ್ಲ.

ಸೀರೆ ಎಷ್ಟು ಹಳೆಯದು?

ಉಡುಪಿನ ಉದಾಹರಣೆಯನ್ನೇ ಮುಂದುವರಿಸಬಹುದು. ಸೀರೆ ನಿಸ್ಸಂದೇಹವಾಗಿ ಪ್ರಾಚೀನವಾದದ್ದು. ಆದರೆ ರವಿಕೆ, ಒಳಲಂಗ, ಮುಂದೆ ನಿರಿಗೆ, ಎಡ ಹೆಗಲಿನ ಮೇಲೆ ಸೆರಗು ಎಂಬ ಈಗಿನ ಸಿದ್ಧರೂಪ ದೇಶದಾದ್ಯಂತ ಹರಡಿದ್ದು ಕಳೆದ ಸುಮಾರು ನೂರೈವತ್ತು ವರ್ಷಗಳಲ್ಲಿ. 1860ರ ದಶಕದಲ್ಲಿ ಸತ್ಯೇಂದ್ರನಾಥ ಟಾಗೋರರ ಪತ್ನಿ ಜ್ಞಾನದಾನಂದಿನಿ ದೇವಿಯವರು ಬೊಂಬಾಯಿಯ ಪಾರ್ಸಿ ಮಹಿಳೆಯರು ಸೀರೆ ಉಡುತ್ತಿದ್ದ ರೀತಿಯನ್ನು ನೋಡಿ, ಹೊರಗೆ ಓಡಾಡಲು ಅನುಕೂಲವಾಗುವಂತೆ ರವಿಕೆ ಮತ್ತು ಒಳಲಂಗದೊಂದಿಗೆ ಉಡುವ ಕ್ರಮವನ್ನು ಬಂಗಾಳದಲ್ಲಿ ಬಳಕೆಗೆ ತಂದರು. ಇಂದು ನಾವು ಸಂಪ್ರದಾಯದ ಗುರುತೆಂದು ಭಾವಿಸುವ ಉಡುಪು ಹೆಣ್ಣು ಮನೆಯಿಂದ ಹೊರಗೆ ಕಾಲಿಡಲೆಂದೇ ರೂಪಿಸಿಕೊಂಡ ಆಧುನಿಕ ಉಡುಪಾಗಿತ್ತು. ನಮ್ಮಲ್ಲಿ ಕೊಡಗಿನ ಹೆಂಗಸರು ನಿರಿಗೆಯನ್ನು ಹಿಂದಕ್ಕೆ ಹಾಕುತ್ತಾರೆ. ಉತ್ತರ ಕರ್ನಾಟಕದಲ್ಲಿ ಹೊಲದ ಕೆಲಸಕ್ಕೆ ಕಚ್ಚೆ ಹಾಕಿ ಸೀರೆ ಉಡುವವರು ಇಂದಿಗೂ ಇದ್ದಾರೆ.

ಇದರ ಇನ್ನೊಂದು ಮುಖವೂ ಇದೆ. ತಿರುವಾಂಕೂರಿನಲ್ಲಿ ನಾಡಾರ್ ಸಮುದಾಯದ ಹೆಂಗಸರು ಎದೆಯ ಮೇಲೆ ಬಟ್ಟೆ ಹೊದೆಯುವ ಹಕ್ಕಿಗಾಗಿ ದಶಕಗಳ ಕಾಲ ಹೋರಾಡಬೇಕಾಯಿತು, 1859ರ ಘೋಷಣೆಯಲ್ಲಿ ಅದಕ್ಕೆ ಅನುಮತಿ ದೊರೆಯಿತು. ಒಂದೇ ಸೆರಗು ಒಬ್ಬಳಿಗೆ ಕಟ್ಟುಪಾಡಾಗಿಯೂ ಮತ್ತೊಬ್ಬಳಿಗೆ ಹೋರಾಡಿ ಗಳಿಸಿದ ಗೌರವವಾಗಿಯೂ ಇರಬಲ್ಲದು. ಜಾತಿಯನ್ನು ಬಿಟ್ಟು ‘ಭಾರತೀಯ ಮಹಿಳೆ’ ಎಂದು ಬರೆದರೆ ಈ ವ್ಯತ್ಯಾಸ ಕಾಣೆಯಾಗುತ್ತದೆ.

ಸುಧಾರಣೆಯ ಕಾಲಾನುಕ್ರಮ

ಪರೀಕ್ಷೆಗೆ ಬೇಕಾಗುವ ಇಸವಿಗಳನ್ನು ಸಂಕ್ಷಿಪ್ತವಾಗಿ ಹೇಳಿ ಮುಂದುವರಿಯುತ್ತೇನೆ. ಸತಿ ಪದ್ಧತಿಯ ನಿಷೇಧ 1829, ವಿಧವಾ ಪುನರ್ವಿವಾಹ ಕಾಯಿದೆ 1856, ಬಾಲ್ಯವಿವಾಹ ತಡೆಗೆ ಶಾರದಾ ಕಾಯಿದೆ 1929, ಹಿಂದೂ ವಿವಾಹ ಕಾಯಿದೆ 1955, ವರದಕ್ಷಿಣೆ ನಿಷೇಧ 1961, ಕೌಟುಂಬಿಕ ಹಿಂಸೆಯಿಂದ ರಕ್ಷಣೆಯ ಕಾಯಿದೆ 2005. ಮೈಸೂರು ಸಂಸ್ಥಾನ ಹಲವು ಬಾರಿ ಬ್ರಿಟಿಷ್ ಭಾರತಕ್ಕಿಂತ ಮುಂದಿತ್ತು ಎಂಬುದನ್ನು ನಾವು ಮರೆಯಬಾರದು: 1894ರಲ್ಲಿಯೇ ಎಂಟು ವರ್ಷದೊಳಗಿನ ಹೆಣ್ಣುಮಕ್ಕಳ ಮದುವೆಯನ್ನು ನಿಷೇಧಿಸಿದ ಸಂಸ್ಥಾನ, 1933ರ ಕಾಯಿದೆಯ ಮೂಲಕ ತಾಯಿ, ವಿಧವೆ ಮತ್ತು ಅವಿವಾಹಿತ ಹೆಣ್ಣುಮಕ್ಕಳಿಗೂ ಕುಟುಂಬದ ಆಸ್ತಿಯ ಪಾಲಿನಲ್ಲಿ ಹಕ್ಕು ನೀಡಿತು.

ಈ ಪಟ್ಟಿಯಲ್ಲಿ ಹೆಣ್ಣು ಸುಧಾರಣೆಯನ್ನು ಪಡೆಯುವವಳಾಗಿ ಮಾತ್ರ ಕಾಣಿಸಿಕೊಳ್ಳುತ್ತಾಳೆ, ಆದರೆ ಚರಿತ್ರೆ ಹಾಗಿಲ್ಲ. ಹನ್ನೊಂದನೆಯ ವಯಸ್ಸಿನಲ್ಲಿ ಮದುವೆಯಾಗಿದ್ದ ರಖ್ಮಾಬಾಯಿ, ಗಂಡನ ಮನೆಗೆ ಹೋಗಬೇಕು ಇಲ್ಲವೇ ಆರು ತಿಂಗಳ ಸೆರೆವಾಸ ಅನುಭವಿಸಬೇಕು ಎಂದು 1887ರಲ್ಲಿ ಬೊಂಬಾಯಿಯ ನ್ಯಾಯಾಲಯ ಹೇಳಿದಾಗ ಸೆರೆಮನೆಗೆ ಹೋಗಲು ಸಿದ್ಧ ಎಂದರು. ಮರುವರ್ಷ ಪ್ರಕರಣ ರಾಜಿಯಲ್ಲಿ ಮುಗಿಯಿತು. ಅವರು ಲಂಡನ್ನಿನಲ್ಲಿ ವೈದ್ಯಶಿಕ್ಷಣ ಪಡೆದು ಬಂದು ಸೂರತ್‌ನಲ್ಲಿ ಸೇವೆ ಸಲ್ಲಿಸಿದರು. ನಮ್ಮ ನಂಜನಗೂಡಿನ ತಿರುಮಲಾಂಬ ಬಾಲವಿಧವೆಯಾಗಿ, ಸಂಪ್ರದಾಯಸ್ಥ ಮನೆಯೊಳಗೇ ಇದ್ದುಕೊಂಡು, ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಲೇಖಕಿಯಾಗಿ, ಪ್ರಕಾಶಕಿಯಾಗಿ, ಪತ್ರಿಕೆಯ ಸಂಪಾದಕಿಯಾಗಿ ದುಡಿದರು. ಸಂಪ್ರದಾಯವನ್ನು ಒಪ್ಪಿಕೊಂಡ ಭಾಷೆಯಲ್ಲಿಯೇ ಹೆಣ್ಣಿನ ಓದಿಗಾಗಿ ವಾದಿಸಿದವರು ಅವರು. ಅವರನ್ನು ಯಾವ ಗುಂಪಿಗೆ ಸೇರಿಸಬೇಕೆಂದು ತಿಳಿಯದೆ ನಮ್ಮ ಪಠ್ಯಗಳು ಹೆಚ್ಚಾಗಿ ಬಿಟ್ಟೇಬಿಡುತ್ತವೆ ಎಂಬ ಬೇಸರ ನನಗಿದೆ.

ಅಡುಗೆಮನೆ ಮತ್ತು ಸಮಯ

ಆಧುನಿಕತೆ ಹೆಣ್ಣಿನ ಮೈನೋವನ್ನು ನಿಜವಾಗಿ ಇಳಿಸಿದ ಸ್ಥಳ ಯಾವುದೆಂದರೆ ಅಡುಗೆಮನೆ. ಬೀಸುವ ಕಲ್ಲು, ಒರಳು, ಒನಕೆಗಳ ಕೆಲಸವನ್ನು ಹಿಟ್ಟಿನ ಗಿರಣಿ, ಗ್ರೈಂಡರ್, ಮಿಕ್ಸಿಗಳು ವಹಿಸಿಕೊಂಡವು. ಸೌದೆ ಒಲೆಯ ಹೊಗೆಯ ಜಾಗಕ್ಕೆ ಗ್ಯಾಸ್ ಬಂದಿತು. ಈ ಬದಲಾವಣೆಯನ್ನು ಹಗುರವಾಗಿ ಕಾಣುವವರು ಒಮ್ಮೆ ನಸುಕಿನಲ್ಲಿ ಕುಳಿತು ಒಂದು ಸೇರು ರಾಗಿಯನ್ನು ಕೈಯಲ್ಲಿ ಬೀಸಿ ನೋಡಬೇಕು. ಬೀಸುವ ಕಲ್ಲಿನ ಮುಂದೆ ಅತ್ತೆಯ ಕಾಟವನ್ನೂ ತವರಿನ ಹಂಬಲವನ್ನೂ ತ್ರಿಪದಿಗಳಲ್ಲಿ ಹಾಡಿಕೊಳ್ಳುತ್ತಿದ್ದ ಲೋಕವೊಂದು ಗಿರಣಿಯ ಜೊತೆಗೆ ಮರೆಯಾಯಿತು ಎಂಬುದೂ ನಿಜ. ಆದರೆ ಆ ಹಾಡು ಹುಟ್ಟಿದ್ದೇ ದಣಿವಿನಿಂದ. ಹಾಡಿಗಾಗಿ ಕಲ್ಲನ್ನು ಉಳಿಸಬೇಕಿತ್ತು ಎನ್ನುವ ಮಾತನ್ನು ನಾನು ಒಪ್ಪಲಾರೆ.

ಇಷ್ಟಾದರೂ ಸಮಯದ ಲೆಕ್ಕ ಬೇರೆಯದನ್ನೇ ಹೇಳುತ್ತದೆ. ರಾಷ್ಟ್ರೀಯ ಅಂಕಿಅಂಶ ಕಚೇರಿಯ 2019ರ ಸಮಯ ಬಳಕೆ ಸಮೀಕ್ಷೆಯ ಪ್ರಕಾರ ಸಂಬಳವಿಲ್ಲದ ಮನೆಗೆಲಸದಲ್ಲಿ ತೊಡಗಿದ ಮಹಿಳೆಯರು ದಿನಕ್ಕೆ ಸರಾಸರಿ 299 ನಿಮಿಷ, ಪುರುಷರು 97 ನಿಮಿಷ ಕಳೆಯುತ್ತಿದ್ದರು. 2024ರ ಸಮೀಕ್ಷೆಯಲ್ಲಿ ಈ ಸಂಖ್ಯೆಗಳು 289 ಮತ್ತು 88. ಇವು ಕೆಲಸ ಮಾಡಿದವರ ಸರಾಸರಿ ಮಾತ್ರ ಎಂಬುದನ್ನು ಗಮನಿಸಬೇಕು: 2019ರಲ್ಲಿ ಮನೆಗೆಲಸದಲ್ಲಿ ಪಾಲ್ಗೊಂಡ ಮಹಿಳೆಯರ ಪ್ರಮಾಣ ಶೇ. 81.2 ಇದ್ದರೆ ಪುರುಷರದು ಶೇ. 26.1. ಯಂತ್ರ ಬಂದಾಗ ಕೆಲಸದ ಭಾರ ಕಡಿಮೆಯಾಯಿತು, ಆದರೆ ಕೆಲಸದ ನಿರೀಕ್ಷೆ ಹೆಚ್ಚಿತು. ಮಕ್ಕಳ ಡಬ್ಬಿಗೆ ಒಂದು, ಗಂಡನ ಡಬ್ಬಿಗೆ ಇನ್ನೊಂದು, ಸಕ್ಕರೆ ಕಾಯಿಲೆಯ ಮಾವನಿಗೆ ಮತ್ತೊಂದು ಎಂದು ಅಡುಗೆಯ ಬಗೆಗಳು ಹೆಚ್ಚಿದವು. ಮಕ್ಕಳ ಹೋಮ್‌ವರ್ಕ್ ಮತ್ತು ಶಾಲೆಯ ವಾಟ್ಸ್‌ಆ್ಯಪ್ ಗುಂಪು ತಾಯಿಯ ಹೊಸ ಕರ್ತವ್ಯಗಳಾದವು.

ಉದ್ಯೋಗದ ಅಂಕಿಅಂಶಗಳನ್ನು ಓದುವಾಗಲೂ ಇದೇ ಎಚ್ಚರ ಬೇಕು. 15 ವರ್ಷ ಮೇಲ್ಪಟ್ಟ ಮಹಿಳೆಯರ ದುಡಿಮೆಯ ಪಾಲುದಾರಿಕೆ 2017-18ರಲ್ಲಿ ಶೇ. 23.3 ಇದ್ದದ್ದು 2023-24ರಲ್ಲಿ ಶೇ. 41.7ಕ್ಕೆ ಏರಿತು. ಇದು ದೊಡ್ಡ ಏರಿಕೆ. ಆದರೆ ದುಡಿಯುತ್ತಿರುವ ಮಹಿಳೆಯರಲ್ಲಿ ಮೂರನೇ ಒಂದಕ್ಕಿಂತ ಹೆಚ್ಚು ಮಂದಿ ಮನೆಯ ಜಮೀನಿನಲ್ಲಿಯೋ ಅಂಗಡಿಯಲ್ಲಿಯೋ ಸಂಬಳವಿಲ್ಲದೆ ನೆರವಾಗುವವರು. ಅವರ ಶ್ರಮ ಈಗ ಲೆಕ್ಕಕ್ಕೆ ಸಿಕ್ಕಿದೆ, ಕೂಲಿ ಇನ್ನೂ ಸಿಕ್ಕಿಲ್ಲ.

ದೇಹ, ಮಡಿ, ಮಾತ್ರೆ

ಹಬ್ಬ ಹತ್ತಿರವಾದಾಗ ಔಷಧದ ಅಂಗಡಿಯಲ್ಲಿ ಮುಟ್ಟನ್ನು ಮುಂದೂಡುವ ಮಾತ್ರೆ ಕೇಳುವ ಹೆಂಗಸರನ್ನು ನೋಡಿದವರಿಗೆ ಈ ವಿಷಯದ ಜಟಿಲತೆ ತಾನಾಗಿ ಅರ್ಥವಾಗುತ್ತದೆ. ಮಾತ್ರೆ ಆಧುನಿಕ ವೈದ್ಯಶಾಸ್ತ್ರದ ಫಲ, ಅದನ್ನು ನುಂಗುವ ಕಾರಣ ವರಮಹಾಲಕ್ಷ್ಮಿ ಪೂಜೆಯ ಮಡಿ. ಮನೆಯ ಹೊರಗೆ ಕೂರಿಸುತ್ತಿದ್ದ ಪದ್ಧತಿ ನಗರದ ಎರಡು ಕೋಣೆಗಳ ಮನೆಯಲ್ಲಿ ಸಾಧ್ಯವಾಗದೆ ದೇವರಕೋಣೆಗೆ ಹೋಗದಿರುವುದಕ್ಕೆ ಮತ್ತು ಉಪ್ಪಿನಕಾಯಿ ಭರಣಿಯನ್ನು ಮುಟ್ಟದಿರುವುದಕ್ಕೆ ಇಳಿದಿದೆ. ತುಮಕೂರು, ಚಿತ್ರದುರ್ಗ ಭಾಗದ ಕೆಲವು ಗೊಲ್ಲರಹಟ್ಟಿಗಳಲ್ಲಿ (ಗೊಲ್ಲ ಸಮುದಾಯದವರು ವಾಸಿಸುವ ಹಟ್ಟಿಗಳಲ್ಲಿ) ಮುಟ್ಟಾದವರನ್ನೂ ಬಾಣಂತಿಯರನ್ನೂ ಹಟ್ಟಿಯ ಹೊರಗೆ ಇರಿಸಿದ ಸಂಗತಿಗಳು ಈ ಶತಮಾನದಲ್ಲಿಯೂ ವರದಿಯಾಗಿವೆ.

ತಂತ್ರಜ್ಞಾನ ಹಳೆಯ ಪಕ್ಷಪಾತದ ಕೈಗೆ ಸಿಕ್ಕಾಗ ಏನಾಗುತ್ತದೆ ಎಂಬುದಕ್ಕೆ ಭ್ರೂಣಲಿಂಗ ಪತ್ತೆಗಿಂತ ಕಠೋರವಾದ ಉದಾಹರಣೆ ಇಲ್ಲ. 1994ರಲ್ಲಿಯೇ ಅದನ್ನು ತಡೆಯುವ ಕಾಯಿದೆ ಬಂದಿದ್ದರೂ, ಆರು ವರ್ಷದೊಳಗಿನ ಸಾವಿರ ಗಂಡುಮಕ್ಕಳಿಗೆ ಹೆಣ್ಣುಮಕ್ಕಳ ಸಂಖ್ಯೆ 1991ರಲ್ಲಿ 945 ಇದ್ದದ್ದು 2001ರಲ್ಲಿ 927ಕ್ಕೆ ಇಳಿದು, 2011ರ ಜನಗಣತಿಯಲ್ಲಿ ಇನ್ನಷ್ಟು ಕುಸಿಯಿತು. ಕುಟುಂಬ ಯೋಜನೆಯಲ್ಲಿಯೂ ಶ್ರಮ ಯಾರದು ಎಂಬ ಪ್ರಶ್ನೆಗೆ ಉತ್ತರ ನಿಚ್ಚಳವಾಗಿದೆ: 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ಮಹಿಳೆಯರ ಸಂತಾನಹರಣ ಚಿಕಿತ್ಸೆಯ ಪ್ರಮಾಣ ಶೇ. 37.9, ಪುರುಷರದು ಶೇ. 0.3. ಪುರುಷರ ಶಸ್ತ್ರಚಿಕಿತ್ಸೆ ಹೆಚ್ಚು ಸರಳವಾದದ್ದು ಎಂಬುದನ್ನು ನೆನಪಿನಲ್ಲಿಟ್ಟುಕೊಂಡು ಈ ಎರಡು ಸಂಖ್ಯೆಗಳನ್ನು ಓದಬೇಕು.

ಓಡಾಟ

ಅದೇ ಕುಟುಂಬ ಆರೋಗ್ಯ ಸಮೀಕ್ಷೆಯ ಕೆಲವು ಸಂಖ್ಯೆಗಳನ್ನು ಒಟ್ಟಿಗೆ ಇಟ್ಟು ನೋಡುವುದು ಉಪಯುಕ್ತ. ತಾವೇ ಬಳಸುವ ಬ್ಯಾಂಕ್ ಖಾತೆ ಇರುವ ಮಹಿಳೆಯರು 2015-16ರಲ್ಲಿ ಶೇ. 53 ಇದ್ದದ್ದು 2019-21ರಲ್ಲಿ ಸುಮಾರು ಶೇ. 79 ಆಯಿತು, ತಾವೇ ಬಳಸುವ ಮೊಬೈಲ್ ಇರುವವರು ಶೇ. 46ರಿಂದ ಶೇ. 54ಕ್ಕೆ ಏರಿದರು. ಆದರೆ ಮಾರುಕಟ್ಟೆಗೆ, ಆಸ್ಪತ್ರೆಗೆ ಮತ್ತು ಊರಿನ ಹೊರಗೆ ಒಂಟಿಯಾಗಿ ಹೋಗಲು ಅನುಮತಿ ಇರುವವರ ಪ್ರಮಾಣ ಶೇ. 41ರಿಂದ ಶೇ. 42ಕ್ಕೆ ಬಂದು ನಿಂತಿತು. ಕೈಗೆ ವಸ್ತುಗಳು ಬಂದಷ್ಟು ಬೇಗ ಕಾಲಿಗೆ ಸ್ವಾತಂತ್ರ್ಯ ಬಂದಿಲ್ಲ.

ಈ ಹಿನ್ನೆಲೆಯಲ್ಲಿ ಕರ್ನಾಟಕದಲ್ಲಿ 2023ರ ಜೂನ್ 11ರಂದು ಜಾರಿಗೆ ಬಂದ ಶಕ್ತಿ ಯೋಜನೆಯನ್ನು ನೋಡಬೇಕು. ಮಹಿಳೆಯರಿಗೆ ಸರ್ಕಾರಿ ಸಾಮಾನ್ಯ ಬಸ್ಸುಗಳಲ್ಲಿ ಶೂನ್ಯ ಟಿಕೆಟ್ ದೊರೆತಾಗ ಕೆಲಸಕ್ಕೂ ಕಾಲೇಜಿಗೂ ಹೋಗುವವರ ಜೊತೆಗೆ ಧರ್ಮಸ್ಥಳ, ಕುಕ್ಕೆ ಸುಬ್ರಹ್ಮಣ್ಯ, ಮಲೆ ಮಹದೇಶ್ವರ ಬೆಟ್ಟಗಳಿಗೆ ಗುಂಪುಗುಂಪಾಗಿ ಹೊರಟ ಹೆಂಗಸರೂ ಇದ್ದರು, ಮತ್ತು ಅವರನ್ನು ಹಲವರು ಹಾಸ್ಯ ಮಾಡಿದರು. ಆ ಹಾಸ್ಯ ಅನ್ಯಾಯದ್ದು. ಬಸ್ ಚಾರ್ಜಿಗೆ ಮನೆಯಲ್ಲಿ ಕೈಚಾಚಬೇಕಾಗಿದ್ದವರು, ಯಾರನ್ನೂ ಕೇಳದೆ, ತಮ್ಮ ಓರಗೆಯವರ ಜೊತೆ, ತಾವೇ ಆರಿಸಿಕೊಂಡ ಊರಿಗೆ ಹೋಗಿಬಂದರು. ಹೋದದ್ದು ದೇವಸ್ಥಾನಕ್ಕೆ ಎಂಬ ಕಾರಣಕ್ಕೆ ಆ ಓಡಾಟದ ಹೊಸತನ ಕಡಿಮೆಯಾಗುವುದಿಲ್ಲ.

ತವರು ಮತ್ತು ಆಸ್ತಿ

ಈ ವಿಷಯಕ್ಕೆ ಹೆಚ್ಚು ಜಾಗ ಕೊಡುತ್ತೇನೆ, ಏಕೆಂದರೆ ಕಾನೂನು ಮತ್ತು ಬದುಕಿನ ನಡುವಿನ ಅಂತರ ಇಲ್ಲಿ ಕಾಣುವಷ್ಟು ನಿಚ್ಚಳವಾಗಿ ಬೇರೆಲ್ಲಿಯೂ ಕಾಣುವುದಿಲ್ಲ.

ಕಾನೂನಿನ ಸ್ಥಿತಿ ಹೀಗಿದೆ. 1956ರ ಹಿಂದೂ ಉತ್ತರಾಧಿಕಾರ ಕಾಯಿದೆ ಹೆಣ್ಣಿಗೆ ತನ್ನ ಆಸ್ತಿಯ ಮೇಲೆ ಪೂರ್ಣ ಒಡೆತನ ನೀಡಿತು, ಆದರೆ ಪಿತ್ರಾರ್ಜಿತ ಆಸ್ತಿಯಲ್ಲಿ ಹುಟ್ಟಿನಿಂದ ಬರುವ ಹಕ್ಕನ್ನು ಗಂಡುಮಕ್ಕಳಿಗಷ್ಟೇ ಉಳಿಸಿತು. ಕರ್ನಾಟಕ 1994ರಲ್ಲಿ ತಿದ್ದುಪಡಿ ತಂದು ಹೆಣ್ಣುಮಕ್ಕಳಿಗೂ ಆ ಹಕ್ಕು ಕೊಟ್ಟಿತಾದರೂ ಅದಕ್ಕೆ ಮೊದಲೇ ಮದುವೆಯಾಗಿದ್ದವರನ್ನು ಹೊರಗಿಟ್ಟಿತು. 2005ರ ಸೆಪ್ಟೆಂಬರ್ 9ರಿಂದ ಜಾರಿಗೆ ಬಂದ ಕೇಂದ್ರದ ತಿದ್ದುಪಡಿ ಮದುವೆಯಾದವರು, ಆಗದವರು ಎಂಬ ಭೇದವನ್ನು ತೆಗೆದುಹಾಕಿತು. ಆ ದಿನಕ್ಕೆ ತಂದೆ ಬದುಕಿರಬೇಕೇ ಎಂಬ ಗೊಂದಲವನ್ನು ಸುಪ್ರೀಂ ಕೋರ್ಟ್ 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಬಗೆಹರಿಸಿ, ಹಕ್ಕು ಹುಟ್ಟಿನಿಂದಲೇ ಬರುವುದರಿಂದ ತಂದೆ ಬದುಕಿರಬೇಕಾದ ಅಗತ್ಯವಿಲ್ಲ ಎಂದಿತು. 2004ರ ಡಿಸೆಂಬರ್ 20ಕ್ಕೆ ಮುಂಚೆ ನೋಂದಣಿಯ ಮೂಲಕ ಅಥವಾ ನ್ಯಾಯಾಲಯದ ಡಿಕ್ರಿಯ ಮೂಲಕ ಆಗಿಹೋದ ವಿಭಾಗಗಳಿಗೆ ಮಾತ್ರ ಇದು ಅನ್ವಯಿಸುವುದಿಲ್ಲ.

ಇನ್ನು ಬದುಕಿನ ಸ್ಥಿತಿ. ತಂದೆ ತೀರಿಕೊಂಡ ಮೇಲೆ ಪೌತಿ ಖಾತೆಗಾಗಿ, ಅಂದರೆ ಜಮೀನಿನ ಖಾತೆಯನ್ನು ವಾರಸುದಾರರ ಹೆಸರಿಗೆ ಬದಲಾಯಿಸಲು, ಮಾಡಿಸುವ ವಂಶವೃಕ್ಷದಲ್ಲಿ ಹೆಣ್ಣುಮಕ್ಕಳ ಹೆಸರನ್ನೇ ಬಿಟ್ಟುಬಿಡುವುದು ಒಂದು ದಾರಿ. ಅದು ಸಾಧ್ಯವಾಗದಿದ್ದರೆ ಹಕ್ಕು ಬಿಡುಗಡೆ ಪತ್ರ. ಉಪನೋಂದಣಾಧಿಕಾರಿಯ ಕಚೇರಿಗೆ ಅಕ್ಕತಂಗಿಯರನ್ನು ಕರೆಸಲಾಗುತ್ತದೆ; ತಮ್ಮ ಮದುವೆಯ ಕಾಲದಲ್ಲಿ ಕೊಡಬೇಕಾದುದನ್ನೆಲ್ಲ ಕೊಟ್ಟಿದ್ದಾರೆ, ಯಾರ ಬಲವಂತವೂ ಇಲ್ಲದೆ ಸ್ವಇಚ್ಛೆಯಿಂದ ಹಕ್ಕು ಬಿಡುತ್ತಿದ್ದೇವೆ ಎಂದು ಪತ್ರದಲ್ಲಿ ಬರೆದಿರುತ್ತದೆ; ಅವರು ಹೆಬ್ಬೆಟ್ಟು ಒತ್ತುತ್ತಾರೆ ಅಥವಾ ಸಹಿ ಹಾಕುತ್ತಾರೆ; ಮನೆಗೆ ಬಂದ ಮೇಲೆ ಊಟ, ಒಂದು ಸೀರೆ, ಅರಿಶಿನ ಕುಂಕುಮ. ಹೊರಗಿನಿಂದ ನೋಡುವವರಿಗೆ ಇದು ಅಜ್ಞಾನವೆಂದು ತೋರಬಹುದು. ಆದರೆ ಸಹಿ ಹಾಕುವವಳಿಗೆ ಅವಳದೇ ಆದ ಲೆಕ್ಕಾಚಾರವಿದೆ. ಗಂಡನ ಮನೆಯಲ್ಲಿ ಮಾತು ಮೀರಿದ ದಿನ ಚೀಲ ಹಿಡಿದು ಬಂದು ಕೂರಲು ಇರುವ ಒಂದೇ ಜಾಗ ತವರು. ಬಾಣಂತನ ಮಾಡುವುದು ತವರು, ಗೌರಿ ಹಬ್ಬಕ್ಕೆ ಬಾಗಿನ ಕಳಿಸುವುದು ತವರು, ಮಗಳ ಮದುವೆಯಲ್ಲಿ ಸೋದರಮಾವನಾಗಿ ನಿಲ್ಲುವುದು ತವರಿನ ಅಣ್ಣ. ಪಾಲು ಕೇಳಿದರೆ ಇವೆಲ್ಲವೂ ಒಂದೇ ದಿನ ಮುರಿದುಬೀಳುತ್ತವೆ ಎಂದು ಅವಳಿಗೆ ಗೊತ್ತು. ಎರಡು ಎಕರೆಗಿಂತ ಆ ಬಾಗಿಲು ತೆರೆದಿರುವುದು ದೊಡ್ಡದು ಎಂದು ಅವಳು ತೀರ್ಮಾನಿಸುತ್ತಾಳೆ. ಅವಳ ತೀರ್ಮಾನವನ್ನು ನಾನು ಗೌರವಿಸುತ್ತೇನೆ. ಆದರೆ ಅಣ್ಣನಿಗೆ ಪಾಲು, ಪ್ರೀತಿ ಎರಡೂ ಸಿಗುವಾಗ ತಂಗಿ ಒಂದನ್ನು ಮಾತ್ರ ಆರಿಸಿಕೊಳ್ಳಬೇಕು ಎಂಬ ವ್ಯವಸ್ಥೆಯನ್ನು ಗೌರವಿಸಲಾರೆ.

ಇಲ್ಲಿ ಗಮನಿಸಬೇಕಾದ ಹಳೆಯ ಪದ್ಧತಿಯೊಂದಿದೆ. ನಮ್ಮ ಕಡೆ ಮಗಳಿಗೆ ‘ಅರಿಶಿನ ಕುಂಕುಮಕ್ಕೆ’ ಎಂದು ಒಂದಿಷ್ಟು ಜಮೀನನ್ನು ಬರೆದುಕೊಡುವ ರೂಢಿ ಇತ್ತು, ಹಳೆಯ ದಾನಪತ್ರಗಳಲ್ಲಿ ಈ ಮಾತುಗಳು ಹಾಗೆಯೇ ಸಿಗುತ್ತವೆ. ಅಂದರೆ ಹೆಣ್ಣಿನ ಹೆಸರಿನಲ್ಲಿ ಭೂಮಿ ಇರುವುದು ನಮ್ಮ ಸಂಪ್ರದಾಯಕ್ಕೆ ಪೂರ್ತಿ ಹೊರಗಿನ ಕಲ್ಪನೆಯಲ್ಲ. ಇದಕ್ಕೆ ಪ್ರತಿಯಾಗಿ, ಬಹಳ ಪುರಾತನವೆಂದು ನಾವು ಭಾವಿಸುವ ಭಾರಿ ಮೊತ್ತದ ವರದಕ್ಷಿಣೆ ಅನೇಕ ಸಮುದಾಯಗಳಲ್ಲಿ ಇತ್ತೀಚಿನದು. ಮದುವೆಗೆ ಗಂಡಿನ ಕಡೆಯವರೇ ಹೆಣ್ಣಿನ ಕಡೆಗೆ ತೆರ ಕೊಡುತ್ತಿದ್ದ ಸಮುದಾಯಗಳಲ್ಲಿ, ಗಂಡುಮಕ್ಕಳು ಓದಿ ಸಂಬಳದ ನೌಕರಿಗೆ ಸೇರಿದ ಮೇಲೆ, ತೆರ ಹೋಗಿ ವರದಕ್ಷಿಣೆ ಬಂದಿತು. ಶ್ರೀನಿವಾಸ್ ಅವರು ಇದನ್ನು ಆಧುನಿಕ ವರದಕ್ಷಿಣೆ ಎಂದೇ ಗುರುತಿಸಿದರು. ‘ಮದುವೆಯಲ್ಲಿಯೇ ಅವಳ ಪಾಲು ಕೊಟ್ಟಾಗಿದೆ’ ಎಂಬ ವಾದಕ್ಕೆ ಉತ್ತರ ದಾಖಲೆಯಲ್ಲಿದೆ: ಕೊಟ್ಟದ್ದು ಗಂಡಿನ ಕೈಗೆ ಹೋಯಿತು, ಪಹಣಿಯಲ್ಲಿ ಅವಳ ಹೆಸರು ಬರಲಿಲ್ಲ. ಪಹಣಿಯಲ್ಲಿ ಹೆಸರಿಲ್ಲದವಳಿಗೆ ಬೆಳೆಸಾಲವೂ ಕಷ್ಟ, ಬೆಳೆ ಹಾಳಾದಾಗ ಪರಿಹಾರವೂ ಕಷ್ಟ, ಅವಳು ಜೀವಮಾನವಿಡೀ ಹೊಲದಲ್ಲಿ ದುಡಿದಿದ್ದರೂ ಸಹ.

ಎಲ್ಲೆಡೆಯೂ ಹೊಸ ಕಾನೂನು ಹೆಣ್ಣಿನ ಪರವಾಗಿಯೇ ಬಂದಿತು ಎಂದೂ ಹೇಳಲಾಗದು. ತುಳುನಾಡಿನ ಅಳಿಯಸಂತಾನದಲ್ಲಿಯೂ ಕೇರಳದ ಮರುಮಕ್ಕತ್ತಾಯದಲ್ಲಿಯೂ ವಂಶ ಮತ್ತು ಆಸ್ತಿ ಹೆಣ್ಣಿನ ಕವಲಿನಲ್ಲಿ ಸಾಗುತ್ತಿದ್ದವು. ಯಜಮಾನಿಕೆ ಹೆಚ್ಚಾಗಿ ಸೋದರಮಾವನದಾಗಿದ್ದರೂ ಮಗಳು ಹುಟ್ಟಿದ ಮನೆಯಲ್ಲಿ ಎಂದೂ ಪರಕೀಯಳಾಗುತ್ತಿರಲಿಲ್ಲ. ಇಪ್ಪತ್ತನೆಯ ಶತಮಾನದ ಕಾನೂನುಗಳು ಈ ಅವಿಭಕ್ತ ಕುಟುಂಬಗಳನ್ನು ವಿಭಜಿಸಿ, ತಂದೆ, ಹೆಂಡತಿ, ಮಕ್ಕಳ ಸಂಸಾರವನ್ನು ಮಾದರಿಯಾಗಿ ಮಾಡಿದವು. ಕೇರಳ 1975ರ ಕಾಯಿದೆಯಿಂದ ಅವಿಭಕ್ತ ಕುಟುಂಬ ಪದ್ಧತಿಯನ್ನೇ ರದ್ದುಪಡಿಸಿತು. ಅದೇ ಕೇರಳದಲ್ಲಿ ಸಿರಿಯನ್ ಕ್ರೈಸ್ತ ಹೆಣ್ಣುಮಕ್ಕಳಿಗೆ ಮಗನ ಪಾಲಿನ ಕಾಲುಭಾಗ ಅಥವಾ 5000 ರೂಪಾಯಿ, ಯಾವುದು ಕಡಿಮೆಯೋ ಅದು ಎಂಬ ನಿಯಮವಿದ್ದು, ಮೇರಿ ರಾಯ್ ಅವರ ಹೋರಾಟದ ಫಲವಾಗಿ 1986ರಲ್ಲಿ ಸಮಾನ ಹಕ್ಕು ದೊರೆಯಿತು. ಒಂದೇ ಸೀಮೆಯಲ್ಲಿ ಎರಡು ಸಮುದಾಯಗಳ ಹೆಂಗಸರ ಪಾಲಿಗೆ ಆಧುನಿಕ ಕಾನೂನು ಎರಡು ಬೇರೆ ಅರ್ಥಗಳನ್ನು ತಂದಿತು.

ಹೆಸರು ಮತ್ತು ಅಧಿಕಾರ

ಸರ್ಕಾರಿ ದಾಖಲೆಗಳಲ್ಲಿ ಹೆಣ್ಣಿನ ಹೆಸರು ಈಗ ಮೊದಲಿಗಿಂತ ಹೆಚ್ಚು ಕಾಣಿಸುತ್ತಿದೆ. 2013ರ ಆಹಾರ ಭದ್ರತಾ ಕಾಯಿದೆಯ ಪ್ರಕಾರ ಪಡಿತರ ಚೀಟಿಯಲ್ಲಿ ಮನೆಯ ಯಜಮಾನಿ ಕುಟುಂಬದ ಹಿರಿಯ ಮಹಿಳೆ. 2023ರ ಆಗಸ್ಟ್‌ನಲ್ಲಿ ಆರಂಭವಾದ ಗೃಹಲಕ್ಷ್ಮಿ ಯೋಜನೆಯಲ್ಲಿ ತಿಂಗಳಿಗೆ 2000 ರೂಪಾಯಿ ಅವಳ ಖಾತೆಗೆ ಹೋಗುತ್ತದೆ. ಪಂಚಾಯಿತಿಗಳಲ್ಲಿ ಕರ್ನಾಟಕ 1983ರ ಕಾಯಿದೆಯಲ್ಲಿಯೇ ಮಹಿಳೆಯರಿಗೆ ಶೇ. 25 ಮೀಸಲಾತಿ ಕೊಟ್ಟು ದೇಶಕ್ಕೆ ದಾರಿ ತೋರಿಸಿತು. ಸಂವಿಧಾನದ 73ನೆಯ ತಿದ್ದುಪಡಿ ಮೂರನೇ ಒಂದು ಭಾಗವನ್ನು ಕಡ್ಡಾಯಗೊಳಿಸಿತು. ನಮ್ಮ ರಾಜ್ಯದಲ್ಲಿ ಈಗ ಅದು ಅರ್ಧ. ಅಧ್ಯಕ್ಷೆಯ ಕುರ್ಚಿಯ ಪಕ್ಕದಲ್ಲಿ ಅವಳ ಗಂಡ ಕುಳಿತು ಮಾತನಾಡುವ ದೃಶ್ಯ ಅಪರೂಪವಲ್ಲ, ನಿಜ. ಆದರೆ ಮೊದಲ ಸಭೆಯಲ್ಲಿ ಬಾಯಿ ಬಿಡದವಳು ಅವಧಿ ಮುಗಿಯುವ ಹೊತ್ತಿಗೆ ಬಿಲ್ಲು, ಅನುದಾನ, ಕ್ರಿಯಾಯೋಜನೆಗಳ ಬಗ್ಗೆ ಪಂಚಾಯಿತಿ ಅಭಿವೃದ್ಧಿ ಅಧಿಕಾರಿಯ (ಪಿಡಿಒ) ಜೊತೆ ವಾದಿಸುವುದನ್ನೂ ಹಳ್ಳಿಗಳಲ್ಲಿ ನೋಡಬಹುದು. ಹೆಸರಿಗಷ್ಟೇ ಕೊಟ್ಟ ಸ್ಥಾನ ಕಾಲಕ್ರಮದಲ್ಲಿ ಅಧಿಕಾರವಾಗಬಲ್ಲದು ಎಂಬುದು ನನ್ನ ನಂಬಿಕೆ, ಮತ್ತು ಅದಕ್ಕೆ ಹೆಚ್ಚು ನೆರವಾದದ್ದು ಸ್ತ್ರೀಶಕ್ತಿ ಸಂಘಗಳಲ್ಲಿ ಲೆಕ್ಕ ಬರೆದು, ಬ್ಯಾಂಕಿಗೆ ಹೋಗಿಬಂದು ರೂಢಿಯಾದ ಧೈರ್ಯ.

ಅಭ್ಯಾಸಕ್ಕೆ

ಈ ವಿಷಯವನ್ನು ಓದುವವರು ಉತ್ತರ ಬರೆಯುವ ಮೊದಲು ತಮ್ಮ ಮನೆಯಲ್ಲಿಯೇ ಒಂದು ಸಣ್ಣ ಸಮಯ ದಾಖಲೆ ಸಿದ್ಧಪಡಿಸಿಕೊಳ್ಳಬೇಕೆಂದು ಸೂಚಿಸುತ್ತೇನೆ. ರಾಷ್ಟ್ರೀಯ ಸಮೀಕ್ಷೆ ಬೆಳಗಿನ ಜಾವ ನಾಲ್ಕರಿಂದ ಮರುದಿನ ನಾಲ್ಕರವರೆಗಿನ 24 ಗಂಟೆಗಳನ್ನು ಅರ್ಧ ಗಂಟೆಯ ತುಂಡುಗಳಾಗಿ ವಿಭಜಿಸಿ ಮಾಹಿತಿ ಕಲೆಹಾಕುತ್ತದೆ. ಅದೇ ಕ್ರಮವನ್ನು ಅನುಸರಿಸಬಹುದು. ಒಂದು ಸಾಮಾನ್ಯ ದಿನವನ್ನೂ ಒಂದು ಹಬ್ಬದ ದಿನವನ್ನೂ ಆರಿಸಿಕೊಂಡು, ಮನೆಯ ಪ್ರತಿ ಹೆಂಗಸು ಮತ್ತು ಗಂಡಸಿನ ಎದುರು ಆ ಅರ್ಧ ಗಂಟೆಯಲ್ಲಿ ಅವರು ಮಾಡಿದ ಕೆಲಸವನ್ನು ಬರೆಯಿರಿ. ಒಂದೇ ಹೊತ್ತಿನಲ್ಲಿ ಎರಡು ಕೆಲಸ ನಡೆದಿದ್ದರೆ ಎರಡನ್ನೂ ದಾಖಲಿಸಿ, ಏಕೆಂದರೆ ಒಲೆಯ ಮುಂದೆ ನಿಂತು ಮಗುವಿಗೆ ಮಗ್ಗಿ ಒಪ್ಪಿಸುವುದು ಲೆಕ್ಕದಿಂದ ತಪ್ಪಿಹೋಗುವುದು ಹೀಗೆಯೇ. ಪಕ್ಕದ ಅಂಕಣದಲ್ಲಿ ಆ ಕೆಲಸವನ್ನು ಮಾಡಬೇಕೆಂದು ತೀರ್ಮಾನಿಸಿದವರು ಯಾರು ಎಂದು ಬರೆಯಿರಿ. ಆ ಅಂಕಣವನ್ನು ತುಂಬುವಾಗ ಮನೆಯವರು ‘ಅದು ಮೊದಲಿನಿಂದಲೂ ಹಾಗೇ’ ಎಂದು ಉತ್ತರಿಸಿದರೆ, ಆ ಮಾತನ್ನು ಅವರು ಹೇಳಿದಂತೆಯೇ ದಾಖಲಿಸಿಕೊಳ್ಳಿ.